ಹೇಳಿದ್ದನ್ನು ಹೇಳಿದ ಹಾಗೆ

ಜನವರಿ 6, 2025, ಸೋಮವಾರ

ಈ ಸೆಮಿಸ್ಟರಿಗೂ ಕಾಲೇಜಿನಿಂದ ಕರೆ ಬರಲಿಲ್ಲ. ತಡೆಯಲಾರದೆ ಬೆಳಿಗ್ಗೆ ನಾನೇ ಹೋಗಿ ಪ್ರಿನ್ಸಿಪಾಲ್ ಷಡಕ್ಷರಪ್ಪನವರನ್ನು ಕಂಡೆ. ಹನ್ನೊಂದು ವರ್ಷ ಅತಿಥಿ ಉಪನ್ಯಾಸಕಿಯಾಗಿ ಇಂಗ್ಲಿಷ್ ಪಾಠ ಮಾಡಿದವಳಿಗೆ ಕೂತ್ಕೊಳ್ಳಿ ಅಂತಲೂ ಹೇಳಲಿಲ್ಲ. "ನೀವು ತುಂಬಾ ಮೆತ್ತಗೆ ಮೇಡಂ, ಹುಡುಗರು ನಿಮ್ಮನ್ನ ಲೆಕ್ಕಕ್ಕೇ ಇಟ್ಕೊಳ್ಳಲ್ಲ" ಅಂದರು. ಏನಾದರೂ ಹೇಳಬೇಕಿತ್ತು. ಆಯ್ತು ಸಾರ್ ಅಂತ ಹೇಳಿ ಬಂದೆ.

ಸಂಜೆ ನಮ್ಮೂರಲ್ಲೇ ಹರಿಪ್ರಸಾದ್ ಹೇಳಿದ್ದ ಹೋಟೆಲಿಗೆ ಹೋದೆ. ಹರಿ ನನ್ನ ಹಳೆಯ ವಿದ್ಯಾರ್ಥಿ, ಈಗ ಬೆಂಗಳೂರಿನಲ್ಲಿ ಹೊರದೇಶದ ಸಿನಿಮಾದವರು ಬಂದರೆ ಅವರ ಓಡಾಟದ ವ್ಯವಸ್ಥೆಯನ್ನೆಲ್ಲ ನೋಡಿಕೊಳ್ಳುತ್ತಾನೆ. ಈ ಸಲ ಬಂದಿರುವವರು ಚೀನಾದ ನಿರ್ದೇಶಕರು, ಹೆಸರು ಶೆನ್ ವೆನ್‌ಚಾವ್. ಅವರ ಸಿನಿಮಾಗಳನ್ನು ಅವರ ದೇಶದಲ್ಲೇ ತೋರಿಸುವ ಹಾಗಿಲ್ಲ. ಒಂಬತ್ತು ವರ್ಷದಿಂದ ಜರ್ಮನಿಯಲ್ಲಿದ್ದಾರೆ. ಒಂದೊಂದು ಸಿನಿಮಾ ಮೂರು ಗಂಟೆಯಂತೆ, ಅದರಲ್ಲಿ ಜನ ಕುಳಿತು ಪ್ರಶ್ನೆಗಳಿಗೆ ಉತ್ತರ ಹೇಳುವುದು ಬಿಟ್ಟರೆ ಬೇರೇನೂ ಇಲ್ಲವಂತೆ. ಕೆಟ್ಟ ಕಾಲದಲ್ಲಿ ಒಬ್ಬ ಸಾಮಾನ್ಯ ಮನುಷ್ಯ ತನಗೆ ಹೇಳಿದ್ದನ್ನು ಯಾಕೆ ಮಾಡುತ್ತಾನೆ, ಯಾಕೆ 'ಆಗುವುದಿಲ್ಲ' ಅನ್ನುವುದಿಲ್ಲ ಎಂಬುದೊಂದೇ ಅವರ ವಿಷಯ. ಅವರು ಹುಟ್ಟಿದ ಊರು ಒಂದು ಕಬ್ಬಿಣದ ಊರು, ಈಗ ಹಾಳುಬಿದ್ದಿದೆ. ಅಂಥದೇ ಇನ್ನೊಂದು ಊರು ಹುಡುಕಿ ಭದ್ರಾವತಿಗೆ ಬಂದಿದ್ದಾರೆ. ಅಲ್ಲಿ ಮುಚ್ಚಿಹೋದ ಒಂದು ಖಾಸಗಿ ಫೌಂಡ್ರಿಯ ಕೆಲಸಗಾರರನ್ನು ಮಾತಾಡಿಸಬೇಕು. ಅವರ ಇಂಗ್ಲಿಷನ್ನು ಕನ್ನಡಕ್ಕೂ ಇವರ ಕನ್ನಡವನ್ನು ಇಂಗ್ಲಿಷಿಗೂ ತಿರುಗಿಸಲು ನಾನು.

ಶೆನ್ ಸರ್ ಐವತ್ತು ದಾಟಿದ ಸಣಕಲು ಮನುಷ್ಯ. ಫ್ಲಾಸ್ಕಿನ ಬಿಸಿನೀರು ಕುಡಿಯುತ್ತಾರೆ. ಕೆಲಸ ಯಾಕೆ ಹೋಯಿತು ಅಂತ ಕೇಳಿದರು. ಒಂದು ಮಾತಿನಲ್ಲಿ ಹೇಳಿದೆ. ಅವರು ಸುಮ್ಮನೆ ನನ್ನನ್ನೇ ನೋಡುತ್ತ ಕುಳಿತರು. ಆ ಮೌನ ತಡೆಯಲಾಗದೆ ಷಡಕ್ಷರಪ್ಪನವರ ಮಾತು, ನನ್ನ ಅವಮಾನ, ಎಲ್ಲವನ್ನೂ ಅಪರಿಚಿತನ ಮುಂದೆ ಸುರಿದುಬಿಟ್ಟೆ. ಬರುವಾಗ ನಾಚಿಕೆಯಾಯಿತು.

ಜನವರಿ 9, ಗುರುವಾರ

ಭದ್ರಾವತಿಯಲ್ಲಿ ಮೊದಲ ದಿನ. ಹಳೇನಗರದ ಹಿಂದಿನ ಗಲ್ಲಿಯೊಂದರಲ್ಲಿ ಚೌಡಪ್ಪನವರ ಮನೆ, ಎರಡೇ ಕೋಣೆ. ಎಪ್ಪತ್ತೊಂದು ವರ್ಷದವರು. ಮೂವತ್ತು ವರ್ಷ ಮರಳಿನ ಅಚ್ಚು ಕಟ್ಟಿ ಅದರೊಳಗೆ ಕಾದ ಕಬ್ಬಿಣ ಎರೆದವರು. ಮುಂಗೈ ತುಂಬ ಸುಟ್ಟ ಚುಕ್ಕೆ. ಮಾತು ಕಡಿಮೆ. ಹೆಂಡತಿ ಈಶ್ವರಮ್ಮ ಅದಕ್ಕೆ ತದ್ವಿರುದ್ಧ. ಹೋದ ತಕ್ಷಣ ನನ್ನ ಮುಂದೆ ಮೊರದಲ್ಲಿ ಅವರೆಕಾಯಿ ಇಟ್ಟು, "ಸುಮ್ನೆ ಕೂತಿರ್ತೀಯಲ್ಲ, ಸುಲಿ ಮಾರಾಯ್ತಿ" ಅಂದರು. ಇಬ್ಬರೂ ಸುಲಿಯುತ್ತಲೇ ಮಾತಾಡಿದೆವು. ಶೆನ್ ಸರ್ ಕ್ಯಾಮೆರಾ ಹಿಡಿದರು, ಹರಿ ಮೈಕ್ ಹಿಡಿದ.

ತೊಂಬತ್ತೆಂಟರಲ್ಲಿ ಕಾದ ಕಬ್ಬಿಣದ ಬಕೆಟ್ ಮಗುಚಿ ಒಬ್ಬ ಕೂಲಿಯ ಕಾಲು ಬೆಂದುಹೋಯಿತು. ಮುಷ್ಕರ ಹೂಡಬೇಕೆಂದು ಕೆಲಸಗಾರರು ಗುಟ್ಟಾಗಿ ಸೇರಿದ್ದು ಇದೇ ಮನೆಯ ನಡುಮನೆಯಲ್ಲಿ. ಮಾರನೆಯ ದಿನವೇ ಒಂಬತ್ತು ಜನರ ಹೆಸರಿನ ಚೀಟಿ ಮಾಲೀಕರ ಕೈ ಸೇರಿತ್ತು. ಒಂಬತ್ತೂ ಜನರನ್ನು ಗೇಟಿನಿಂದಲೇ ವಾಪಸ್ ಕಳಿಸಿದರು. ಮೊದಲ ಹೆಸರು ಪರಶುರಾಮನದು. ಈಶ್ವರಮ್ಮನ ತಮ್ಮ; ತಾಯಿ ಸತ್ತ ಮೇಲೆ ಆಕೆಯೇ ಸಾಕಿದ ಹುಡುಗ. ಊರಿನಲ್ಲಿ ಯಾರೂ ಅವನಿಗೆ ಕೆಲಸ ಕೊಡಲಿಲ್ಲ. ದೂರದ ಒಂದು ಕಲ್ಲು ಕ್ವಾರಿಗೆ ಹೋದ. ಎರಡು ವರ್ಷಕ್ಕೆ ಅಲ್ಲಿ ಸಿಡಿಮದ್ದಿಗೆ ಸಿಕ್ಕಿ ಸತ್ತ.

ಹೆಸರು ಕೊಟ್ಟವರು ಯಾರು ಅಂತ ಶೆನ್ ಸರ್ ಕೇಳಿಸಿದರು. "ಇನ್ಯಾರು, ಹಾಜರಿ ಬರೆಯೋ ಟೈಮ್‌ಕೀಪರ್ ವೆಂಕಟಾಚಲ. ಅವನ ಬಾಯಿಗೆ ಮಣ್ಣು ಹಾಕ" ಅಂದರು ಈಶ್ವರಮ್ಮ. ಚೌಡಪ್ಪನವರು ಎದ್ದು ನೀರು ಕುಡಿಯಲು ಒಳಗೆ ಹೋದರು.

ಆಮೇಲೆ ಶೆನ್ ಸರ್ ಕೇಳಿದ ಪ್ರಶ್ನೆ: ಹೆಣದಲ್ಲಿ ಎಷ್ಟು ಉಳಿದಿತ್ತು ಅಂತ ಆಕೆಯನ್ನು ಕೇಳಿ. ನನ್ನ ಕೈಯಲ್ಲಿದ್ದ ಅವರೆಕಾಯಿ ಹಾಗೇ ಉಳಿಯಿತು. "ಕೊನೇ ಸಲ ತಮ್ಮನ ಮುಖ ನೋಡೋಕೆ ಸಿಕ್ತಾ ಅಮ್ಮ?" ಅಂತ ಕೇಳಿದೆ. ಆಕೆ ಇಲ್ಲ ಎಂದು ತಲೆಯಾಡಿಸಿದರು. ಅಷ್ಟೇ ಸಾಕಲ್ಲ? ಹೊರಡುವಾಗ ಸುಲಿದ ಅವರೆಯನ್ನೆಲ್ಲ ಕವರಿಗೆ ಹಾಕಿ ನನಗೇ ಕೊಟ್ಟರು.

ಜನವರಿ 13, ಸೋಮವಾರ

ಇಂಥ ಅವಮಾನ ನನಗೆ ಯಾವತ್ತೂ ಆಗಿರಲಿಲ್ಲ.

ನಾವು ಚಿತ್ರೀಕರಿಸಿದ್ದನ್ನೆಲ್ಲ ಬೆಂಗಳೂರಿನಲ್ಲಿ ಕನ್ನಡ ಬಲ್ಲ ಯಾರೋ ಕೇಳಿ ಇಂಗ್ಲಿಷಿನಲ್ಲಿ ಬರೆದು ಕಳಿಸುತ್ತಿದ್ದಾರೆ. ನನಗೆ ಗೊತ್ತಿರಲಿಲ್ಲ. ಶೆನ್ ಸರ್ ಲ್ಯಾಪ್‌ಟಾಪನ್ನು ನನ್ನ ಕಡೆ ತಿರುಗಿಸಿದರು. ಎಡಕ್ಕೆ ಅವರು ಕೇಳಿದ್ದು, ಬಲಕ್ಕೆ ನಾನು ಕೇಳಿದ್ದು. ನಾಲ್ಕು ದಿನದಲ್ಲಿ ಇಪ್ಪತ್ತೇಳು ಕಡೆ ಬೇರೆಯಾಗಿತ್ತು.

ದನಿ ಏರಿಸಲಿಲ್ಲ. ನನ್ನ ದೇಶದಲ್ಲಿ ಮಾತನ್ನು ಮೆತ್ತಗೆ ಮಾಡುವುದಕ್ಕೆಂದೇ ಒಂದು ಇಲಾಖೆ ಇದೆ, ಅಲ್ಲಿ ಕೆಲಸ ಮಾಡುವವರೂ ಒಳ್ಳೆಯವರೇ, ಯಾರಿಗೂ ನೋವಾಗದಿರಲಿ ಅಂತಲೇ ಕತ್ತರಿಸುತ್ತಾರೆ ಎಂದರು. ನಾಳೆ ಹಬ್ಬವಂತೆ, ರಜೆ ತೆಗೆದುಕೊಳ್ಳಿ, ಮತ್ತೆ ಬರುವುದಾದರೆ ಬಾಯಿಯಾಗಿ ಬನ್ನಿ, ಅಮ್ಮನಾಗಿ ಬೇಡ ಎಂದರು.

ಒಂದೇ ವಾರದಲ್ಲಿ ಇಬ್ಬರು ನನಗೆ ಮೆತ್ತಗೆ ಅಂದರು.

ಜನವರಿ 14, ಮಂಗಳವಾರ

ಸಂಕ್ರಾಂತಿ. ಎಳ್ಳು ಬೀರಲು ಎಲ್ಲಿಗೂ ಹೋಗಲಿಲ್ಲ. ನನ್ನ ಗಂಡ ರೇಣು ಪಾತ್ರೆ ಅಂಗಡಿಯನ್ನು ಮಧ್ಯಾಹ್ನಕ್ಕೇ ಮುಚ್ಚಿ ಬಂದರು, ನಮ್ಮೂರ ಗಾಂಧಿ ಬಜಾರಿನಿಂದ ಕಬ್ಬು ತಂದಿದ್ದರು. ಬಿಟ್ಟುಬಿಡು ಆ ಕೆಲಸ, ನಿನಗ್ಯಾಕೆ ಬೇಕು ಎಂದರು. ಬಿಡುವುದಿಲ್ಲ ಎಂದೆ.

ಜನವರಿ 17, ಶುಕ್ರವಾರ

ಮಾಡಿದೆ. ಒಂದು ಪದ ಸೇರಿಸಲಿಲ್ಲ, ಒಂದು ಪದ ಬಿಡಲಿಲ್ಲ.

ಶೆನ್ ಸರ್ ಮತ್ತೆ ಅದೇ ಪ್ರಶ್ನೆಯಿಂದ ಶುರು ಮಾಡಿದರು. ಈಶ್ವರಮ್ಮನ ಕಣ್ಣನ್ನೇ ನೋಡಿ ಕೇಳಿದೆ. "ಹೆಣದಲ್ಲಿ ಎಷ್ಟು ಉಳಿದಿತ್ತು?"

ಆಕೆ ಕೇಳಿಸದವರ ಹಾಗೆ ಕುಳಿತರು. ಹಿಂದಿನ ನಾನಾಗಿದ್ದರೆ ಹೋಗಲಿ ಬಿಡಿ ಅಮ್ಮ ಅನ್ನುತ್ತಿದ್ದೆ. ಶೆನ್ ಸರ್ ಹೇಳಿಕೊಟ್ಟಿದ್ದಾರೆ: ಉತ್ತರ ಬರದಿದ್ದರೆ ಮನಸ್ಸಿನಲ್ಲೇ ನಲವತ್ತು ಎಣಿಸಿ, ಜನ ನೋವನ್ನು ತಡೆಯುತ್ತಾರೆ, ಮೌನವನ್ನು ತಡೆಯುವುದಿಲ್ಲ. ಮೂವತ್ತೊಂದಕ್ಕೆ ಬಾಯಿಬಿಟ್ಟರು.

"ಗೋಣಿಚೀಲದಲ್ಲಿ ತಂದ್ರು. ಬಿಚ್ಚಬೇಡಿ ಅಂದ್ರು. ನಾನು ಬಿಚ್ಚಿದೆ."

ಆಮೇಲೆ ಇಪ್ಪತ್ತು ನಿಮಿಷ ನಿಲ್ಲಿಸಲೇ ಇಲ್ಲ. ಇಪ್ಪತ್ತೈದು ವರ್ಷದಿಂದ ಇದನ್ನು ಯಾರೂ ಕೇಳಿರಲಿಲ್ಲವಂತೆ, ಗಂಡನೂ ಕೇಳಿರಲಿಲ್ಲವಂತೆ. ನನ್ನ ಇಂಗ್ಲಿಷ್ ಎಲ್ಲೂ ತಡವರಿಸಲಿಲ್ಲ. ಆಕೆ ಸೆರಗಿನಲ್ಲಿ ಮುಖ ಮುಚ್ಚಿದಾಗ ಬೆನ್ನ ಮೇಲೆ ಕೈಯಿಡಬೇಕು ಅನ್ನಿಸಿತು, ಆದರೆ ನನ್ನ ಕೈ ಫ್ರೇಮಿನೊಳಗೆ ಬರುತ್ತಿತ್ತು.

ಕಾರಿನಲ್ಲಿ ಶೆನ್ ಸರ್, ಇವತ್ತು ನೀವು ಇದ್ದೀರಿ ಅಂತಲೇ ಗೊತ್ತಾಗಲಿಲ್ಲ ಎಂದರು. ಹೊಗಳಿಕೆ. ರೇಣುವಿಗೆ ಹೇಳಿದರೆ ಅದರಲ್ಲೇನು ಹೊಗಳಿಕೆ ಅಂದರು. ಅವರಿಗೆ ಅರ್ಥವಾಗುವುದಿಲ್ಲ.

ಜನವರಿ 21, ಮಂಗಳವಾರ

ಶೂಟಿಂಗ್ ಇರಲಿಲ್ಲ. ಶೆನ್ ಸರ್‌ಗೆ ನೀರು ನೋಡಬೇಕಿತ್ತು, ಗಾಜನೂರಿಗೆ ಕರೆದುಕೊಂಡು ಹೋದೆವು. ಅಣೆಕಟ್ಟಿನ ಹತ್ತಿರ ಕಟ್ಟೆಯ ಮೇಲೆ ಕುಳಿತು ತಾವಾಗಿಯೇ ಹೇಳಿದರು.

ಅವರಿಗೆ ಆರು ವರ್ಷವಾಗಿದ್ದಾಗ ತಂದೆಯನ್ನು ಕಾರ್ಖಾನೆಯ ಸಭೆಯಲ್ಲಿ ಮೇಜಿನ ಮೇಲೆ ನಿಲ್ಲಿಸಿದರು. ಮನೆಯೊಳಗೆ ಆಡಿದ ಯಾವುದೋ ಮಾತು ಹೊರಗೆ ಹೋಗಿತ್ತು. ಹೇಳಿದ್ದು ತಾಯಿ. ಹೇಳದಿದ್ದರೆ ಮಗುವನ್ನು ತೆಗೆದುಕೊಂಡು ಹೋಗುತ್ತೇವೆ ಅಂದಿದ್ದರಂತೆ. ಸೆರೆಗೆ ಹೋದ ತಂದೆ ಏಳು ವರ್ಷದ ಮೇಲೆ ವಾಪಸ್ ಬಂದರು. ತಾಯಿ ಬಾಗಿಲು ತೆರೆದರು, ಅನ್ನ ಬಡಿಸಿದರು. ಅವತ್ತಿನಿಂದ ಸಾಯುವವರೆಗೂ ಇಬ್ಬರೂ ಒಂದೇ ಮನೆಯಲ್ಲಿದ್ದರು, ಆ ಮಾತನ್ನು ಒಮ್ಮೆಯೂ ಎತ್ತಲಿಲ್ಲ. ಅದು ಕ್ಷಮೆಯೋ ಭಯವೋ ನನಗೆ ಇವತ್ತಿಗೂ ಗೊತ್ತಿಲ್ಲ ಎಂದರು. ಅಪ್ಪಣೆ ಕೊಡುವವನಲ್ಲಿ ತಿಳಿದುಕೊಳ್ಳುವಂಥದ್ದು ಏನೂ ಇಲ್ಲ, ಎಲ್ಲ ದೇಶದಲ್ಲೂ ಅವನು ಒಂದೇ ಥರ. ಹೆಸರು ಬರೆಯುವವನ ಮುಖ ನೋಡಬೇಕು, ಬರೆಯುವ ಆ ಗಳಿಗೆಯಲ್ಲಿ ಅವನಿಗೆ ಇನ್ನೊಂದು ದಾರಿ ಕಂಡಿತ್ತೇ ಅಂತ ಕೇಳಬೇಕು ಎಂದರು.

ನಿಮ್ಮ ತಾಯಿಯನ್ನೇ ಯಾಕೆ ಕೇಳಲಿಲ್ಲ ಅಂದೆ.

ಬಹಳ ಹೊತ್ತು ಸುಮ್ಮನಿದ್ದರು. ನಾನೂ ಕಾದೆ. ಕೊನೆಗೆ ನಕ್ಕು, ನನ್ನ ಮೇಲೇ ಪ್ರಯೋಗ ಮಾಡಬೇಡಿ ಅಂದರು. ನನಗೆ ಖುಷಿಯಾಯಿತು.

ಜನವರಿ 24, ಶುಕ್ರವಾರ

ವೆಂಕಟಾಚಲನವರ ಮನೆಗೆ ಹೋಗಿದ್ದೆವು. ಎಪ್ಪತ್ತೈದರ ಮೇಲಾಗಿದೆ, ಒಂದು ಕಣ್ಣು ಕಾಣಿಸುವುದಿಲ್ಲ. ಮದುವೆಯಾಗದ ಮಗಳ ಜೊತೆಗಿದ್ದಾರೆ, ಆಕೆ ಜೆರಾಕ್ಸ್ ಅಂಗಡಿಯಲ್ಲಿ ಕೆಲಸಕ್ಕೆ ಹೋಗುತ್ತಾಳೆ. ಕ್ಯಾಮೆರಾ ಮುಂದೆ ಒಂದೇ ಮಾತು: ನಾನಲ್ಲ. ಎಷ್ಟು ಎಣಿಸಿದರೂ ಅಷ್ಟೇ. ಇಪ್ಪತ್ತಾರು ವರ್ಷದ ಮೌನ ಅಭ್ಯಾಸವಾದವರ ಮುಂದೆ ನಲವತ್ತು ಯಾವ ಲೆಕ್ಕ.

ಮಗಳ ವಿಷಯ ಮಾತ್ರ ಹೇಳಿದರು. ಆಕೆಯ ನಿಶ್ಚಿತಾರ್ಥದ ದಿನ ಈಶ್ವರಮ್ಮ ಬೀದಿಯಲ್ಲಿ ನಿಂತು ಗಂಡಿನ ಕಡೆಯವರಿಗೆ, ಈ ಮನೆಯಿಂದ ಹೆಣ್ಣು ತಗೊಂಡರೆ ನಿಮ್ಮ ತಟ್ಟೆಯ ಅನ್ನವನ್ನೂ ಕಿತ್ಕೊಳ್ತಾರೆ ಅಂತ ಕೂಗಿದ್ದರಂತೆ. ಬಂದವರು ಎದ್ದು ಹೋದರು. ಮತ್ತೆ ಯಾರೂ ಬರಲಿಲ್ಲ.

ಶೆನ್ ಸರ್ ಮತ್ತು ಹರಿ ಸಾಮಾನು ಕಾರಿಗೆ ಇಡಲು ಹೊರಗೆ ಹೋದಾಗ ಅವರು ನನ್ನನ್ನು ಬಾಗಿಲಲ್ಲಿ ನಿಲ್ಲಿಸಿಕೊಂಡರು.

"ನಿನ್ನ ಹತ್ರ ಹೇಳ್ತೀನಿ ಕಣಮ್ಮ. ಅದಕ್ಕೆ ಬೇಡ" ಎಂದು ಕ್ಯಾಮೆರಾ ಹೋದ ಕಡೆ ಕೈ ತೋರಿಸಿದರು. "ಹಾಜರಿ ಪುಸ್ತಕದಲ್ಲಿ ಒಂಬತ್ತು ಹೆಸರು ಹೊಡೆದುಹಾಕು ಅಂತ ಆ ಚೀಟಿ ನನ್ನ ಕೈಗೇ ಕೊಟ್ರು. ಪರಶುರಾಮನ್ನ ಪರಸುರಾಮ ಅಂತ ಬರೆಯೋನು ಇಡೀ ಫೌಂಡ್ರೀಲಿ ಒಬ್ಬನೇ. ಚೌಡಪ್ಪ."

ಯಾಕೆ ಹೇಳಲಿಲ್ಲ ಅಂದೆ. ಮೊದಮೊದಲು ಹೇಳಿದರೂ ಯಾರೂ ನಂಬುತ್ತಿರಲಿಲ್ಲ, ಆಮೇಲೆ ಅಭ್ಯಾಸವಾಯಿತು ಎಂದರು. "ಈಗ ಹೇಳಿ ಏನಾಗ್ಬೇಕು? ಆಯಮ್ಮಂಗೂ ವಯಸ್ಸಾಯ್ತು. ತಮ್ಮ ಇಲ್ಲ. ಇವನೂ ಇಲ್ಲ ಅಂದ್ರೆ ಎಲ್ಲಿಗೆ ಹೋಗ್ತಾಳೆ? ನಿನ್ನಲ್ಲೇ ಇಟ್ಕೋ."

ಆಯಿತು ಎಂದೆ.

ಜನವರಿ 26, ಭಾನುವಾರ

ಎರಡು ದಿನ ಯೋಚನೆ ಮಾಡಿದೆ. ಮಾತು ತಲುಪಿಸುವವಳಿಗೆ ಸ್ವಂತದ್ದು ಅಂತ ಏನೂ ಇರಬಾರದು. ನನ್ನಲ್ಲೇ ಇಟ್ಟುಕೊಂಡರೆ ಅದೂ ಕತ್ತರಿಸಿದ ಹಾಗೇ ಅಲ್ಲವೇ? ಶೆನ್ ಸರ್‌ಗೆ ಫೋನ್ ಮಾಡಿ ಎಲ್ಲವನ್ನೂ ಹೇಳಿದೆ. ನಿನ್ನಲ್ಲೇ ಇಟ್ಕೋ ಎಂದದ್ದನ್ನೂ ಸೇರಿಸಿಯೇ ಹೇಳಿದೆ, ಬಿಡಲಿಲ್ಲ.

ಅವರು ಕುಣಿದಾಡಬಹುದು ಅಂದುಕೊಂಡಿದ್ದೆ. ಚೌಡಪ್ಪನವರನ್ನು ಒಬ್ಬರನ್ನೇ ಹೋಟೆಲಿಗೆ ಕರೆಸಿ ಕೇಳೋಣ, ಅವರಿಗೆ ಇಷ್ಟವಿದ್ದರೆ ಮಾತ್ರ ಎಂದರು. ಹೆಂಡತಿ ಪಕ್ಕದಲ್ಲಿ ಇರಬೇಕು ಎಂದೆ ನಾನು. ಒಬ್ಬರೇ ಇದ್ದರೆ ಏನು ಬೇಕಾದರೂ ಹೇಳಬಹುದು, ಆಕೆ ಎದುರಿಗಿದ್ದರೆ ಸುಳ್ಳಿಗೆ ಜಾಗ ಇರುವುದಿಲ್ಲ.  ಕೊನೆಗೆ ಅವರು, ನೀವು ಹೇಳುವುದು ಸರಿ ಅಂದರು.

ಜನವರಿ 29, ಬುಧವಾರ

ಸಂಜೆ ರೇಣುವನ್ನು ಅಂಗಡಿಯಲ್ಲಿ ಯಾರು ಬಂದಿದ್ದರು ಅಂತ ಕೇಳಿದೆ. ಯಾರೂ ಇಲ್ಲ ಅಂದರು. ಮಾತು ಅಲ್ಲಿಗೇ ನಿಲ್ಲಿಸಿ ಅವರನ್ನೇ ನೋಡುತ್ತ ಕುಳಿತೆ. ತಟ್ಟೆಯಲ್ಲಿ ಕೈಯಿಟ್ಟವರು ಎತ್ತಿ, "ನೀನು ನನ್ನ ಹತ್ರ ಮಾತಾಡ್ತಾ ಇದೀಯೋ, ಕೇಸ್ ನಡೆಸ್ತಾ ಇದೀಯೋ?" ಅಂದರು. ಅರ್ಧ ಊಟಕ್ಕೇ ಎದ್ದು ಹೋದರು. ಅವರ ಅಣ್ಣ ಬಂದು ಹೋದದ್ದು ನನಗೆ ಮೊದಲೇ ಗೊತ್ತಿತ್ತು.

ಫೆಬ್ರವರಿ 3, ಸೋಮವಾರ

ಎಲ್ಲವನ್ನೂ ಕ್ರಮವಾಗಿ ಬರೆಯಬೇಕು, ಮರೆಯುವ ಮುಂಚೆ.

ಬೆಳಿಗ್ಗೆ ಹನ್ನೊಂದಕ್ಕೆ ಹೋದೆವು. ನಡುಮನೆಯಲ್ಲಿ ಇಬ್ಬರನ್ನೂ ಒಂದೇ ಬೆಂಚಿನ ಮೇಲೆ ಕೂರಿಸಿದೆ. ಈಶ್ವರಮ್ಮ ನನಗೆಂದು ತಂಬಿಟ್ಟು ಮಾಡಿಟ್ಟಿದ್ದರು, ಆಮೇಲೆ ತಿಂತೀನಿ ಅಂದೆ. ಶೆನ್ ಸರ್ ಫೌಂಡ್ರಿಯ ಸಂಬಳ, ಪಾಳಿ, ಕುಲುಮೆಯ ಕಾವು ಅಂತ ಸುತ್ತುಬಳಸಿ ಕೇಳುತ್ತಿದ್ದರು. ಅರ್ಧ ಗಂಟೆ ಹಾಗೇ ಹೋಯಿತು. ಅವರು ಅಂಜುತ್ತಿದ್ದಾರೆ ಅಂತ ನನಗೆ ಗೊತ್ತಾಯಿತು. ಕೊನೆಗೆ ನಾನೇ ಚೀಲದಿಂದ ಹಾಳೆ, ಪೆನ್ನು ತೆಗೆದು ಚೌಡಪ್ಪನವರ ಮುಂದೆ ಇಟ್ಟೆ.

"ನಿಮ್ಮ ಭಾಮೈದನ ಹೆಸರು ಬರೀರಿ."

ಅವರು ಯಾಕೆ ಎಂದು ಕೇಳಲಿಲ್ಲ. ಶಾಲೆಯ ಹುಡುಗನ ಹಾಗೆ ಬಾಗಿ ನಿಧಾನಕ್ಕೆ ಬರೆದರು. ಪರಸುರಾಮ. ನಾನು ಆ ಹಾಳೆಯನ್ನು ಕ್ಯಾಮೆರಾ ಕಡೆ ಹಿಡಿದು, ಆಮೇಲೆ ಈಶ್ವರಮ್ಮನ ಕಡೆ ಹಿಡಿದೆ. ಆಕೆಗೆ ಓದಲು ಬರುವುದಿಲ್ಲ. ಏನಂತೆ ಅಂದರು.

"ತೊಂಬತ್ತೆಂಟರ ಚೀಟಿಯಲ್ಲೂ ಹೆಸರು ಹೀಗೇ ಇತ್ತು. ಅದನ್ನ ಬರೆದವರು ಯಾರು ಚೌಡಪ್ಪನವರೇ?"

ಅವರು ಪೆನ್ನಿಗೆ ಮುಚ್ಚಳ ಹಾಕಿ ಬೆಂಚಿನ ಮೇಲಿಟ್ಟರು. ನಾನು ಎಣಿಸತೊಡಗಿದೆ. ಹನ್ನೆರಡಕ್ಕೋ ಹದಿಮೂರಕ್ಕೋ ಶೆನ್ ಸರ್ ಇಂಗ್ಲಿಷಿನಲ್ಲಿ ಸಾಕು ನಿಲ್ಲಿಸಿ ಅಂದರು. ತಿರುಗಿ ನೋಡಿದೆ. ಕ್ಯಾಮೆರಾದ ಕೆಂಪು ದೀಪ ಉರಿಯುತ್ತಲೇ ಇತ್ತು, ಅವರು ಅದರಿಂದ ಕಣ್ಣನ್ನೂ ತೆಗೆದಿರಲಿಲ್ಲ. ನನ್ನ ಕೆಲಸ ಮುಗಿದಿಲ್ಲ ಅಂದುಕೊಂಡು ಇವರ ಕಡೆಗೇ ತಿರುಗಿದೆ.

ಚೌಡಪ್ಪನವರು ಹೇಳಿದರು. ಹೆಂಡತಿಗಲ್ಲ, ನೆಲಕ್ಕೆ. ಮಾಲೀಕರ ಕಡೆಯವನು ಅವರನ್ನು ಆಫೀಸಿನಲ್ಲಿ ಕೂರಿಸಿಕೊಂಡು, ಒಂಬತ್ತು ಹೆಸರು ಬರಿ, ಇಲ್ಲವಾದರೆ ನಿನ್ನದೂ ಸೇರಿ ಹತ್ತಾಗುತ್ತದೆ ಎಂದನಂತೆ.

ಪರಶುರಾಮನದನ್ನು ಬಿಡಬಹುದಿತ್ತಲ್ಲ ಎಂದೆ. ಇದೂ ನನ್ನದೇ ಪ್ರಶ್ನೆ.

"ಅವನ ಹೆಸರು ಬಿಟ್ಟಿದ್ರೆ ನಾನೇ ಕೊಟ್ಟಿದ್ದು ಅಂತ ಎಲ್ಲರಿಗೂ ಗೊತ್ತಾಗ್ತಿತ್ತು. ಅದಕ್ಕೇ ಮೊದಲು ಬರೆದೆ."

ಇಪ್ಪತ್ತೆರಡು ವರ್ಷ ಓದಿದ್ದೇನೆ, ಹನ್ನೊಂದು ವರ್ಷ ಪಾಠ ಮಾಡಿದ್ದೇನೆ. ಇಷ್ಟು ಸ್ಪಷ್ಟವಾದ ವಾಕ್ಯ ನನ್ನ ಮುಂದೆ ಯಾರೂ ಆಡಿರಲಿಲ್ಲ. ಅಷ್ಟೇ ಸ್ಪಷ್ಟವಾಗಿ ಇಂಗ್ಲಿಷಿಗೆ ತಂದೆ.

ಈಶ್ವರಮ್ಮ ಅಳಲಿಲ್ಲ, ಬೈಯಲಿಲ್ಲ. ಗಂಡನ ಕಡೆ ನೋಡಲೂ ಇಲ್ಲ. ನನ್ನ ಕಡೆ ತಿರುಗಿ ಕೇಳಿದರು:

"ನಿಂಗೆ ಮೊದಲೇ ಗೊತ್ತಿತ್ತಾ?"

ಅದನ್ನೂ ಇಂಗ್ಲಿಷಿಗೆ ತಿರುಗಿಸಿ ಶೆನ್ ಸರ್‌ಗೆ ಹೇಳಿದೆ. ಅಭ್ಯಾಸವಾಗಿಬಿಟ್ಟಿದೆ. ಆಕೆ ಇನ್ನೂ ನನ್ನನ್ನೇ ನೋಡುತ್ತಿದ್ದರು. ಅದು ನನಗೇ ಕೇಳಿದ ಪ್ರಶ್ನೆ ಎಂದು ಹೊಳೆಯುವಷ್ಟರಲ್ಲಿ ಆಕೆ ಎದ್ದು ಚಪ್ಪಲಿ ಹಾಕಿಕೊಳ್ಳದೆ ಹೊರಗೆ ಹೋಗಿದ್ದರು.

ಹರಿ ಮೈಕ್ ನೆಲಕ್ಕಿಟ್ಟು ಹೊರಗೆ ಹೋಗಿ ನಿಂತಿದ್ದ. ಕೊನೆಯ ಎರಡು ನಿಮಿಷದ ಧ್ವನಿ ಸರಿ ಬಂದಿದೆಯೋ ಇಲ್ಲವೋ. ಅವನಿಗೆ ಇದೇ ಕೆಲಸ, ಇಷ್ಟೂ ಗೊತ್ತಾಗುವುದಿಲ್ಲ.

ಫೆಬ್ರವರಿ 6, ಗುರುವಾರ

ಹರಿ ಹೇಳಿದ್ದು: ಅವತ್ತು ಈಶ್ವರಮ್ಮ ನೆಟ್ಟಗೆ ವೆಂಕಟಾಚಲನವರ ಮನೆಗೆ ಹೋಗಿ ಬಾಗಿಲ ಮುಂದೆ ಕುಳಿತಿದ್ದಾರೆ. ಮಗಳು ಒಳಗೆ ಬಿಡಲಿಲ್ಲ. ಸಂಜೆಯವರೆಗೂ ಕುಳಿತೇ ಇದ್ದರಂತೆ. ಕೊನೆಗೆ ಆ ಮುದುಕರೇ ಹೊರಗೆ ಬಂದು ಎದುರಿಗೆ ಕುಳಿತರಂತೆ. ಏನು ಮಾತಾಡಿದರೋ ಯಾರಿಗೂ ಗೊತ್ತಿಲ್ಲ. ಕ್ಯಾಮೆರಾ ಇರಬೇಕಿತ್ತು.

ಫೆಬ್ರವರಿ 9, ಭಾನುವಾರ

ಶೆನ್ ಸರ್ ಎರಡು ವಾರ ಮುಂಚೆಯೇ ಹೊರಟರು. ಮೂರು ದಿನದಿಂದ ರೂಮು ಬಿಟ್ಟಿರಲಿಲ್ಲ, ಏನೂ ತಿಂದಿರಲಿಲ್ಲವಂತೆ. ರೈಲ್ವೆ ಸ್ಟೇಷನ್ನಿನಲ್ಲಿ ಕೈ ಕುಲುಕುತ್ತ, ನಾನು ಯಾರನ್ನು ಹುಡುಕಿಕೊಂಡು ಬಂದೆನೋ ಅವರು ಸಿಕ್ಕರು ಅಂದರು. ಚೌಡಪ್ಪನವರು ಕೊನೆಗೂ ಸಿಕ್ಕರಲ್ಲ ಸರ್ ಅಂದೆ. ಅವರು ನನ್ನನ್ನೇ ನೋಡುತ್ತಿದ್ದರು. ಆ ದೃಶ್ಯ ಬಳಸುವುದಿಲ್ಲ, ಬಹುಶಃ ಬಳಸುವುದಿಲ್ಲ, ನನಗೆ ಅಷ್ಟು ಹಕ್ಕಿಲ್ಲ ಅಂತ ಏನೇನೋ ಹೇಳಿದರು.

ನನಗೆ ಸಿಟ್ಟು ಬಂತು. ಮೆತ್ತಗಿರಬೇಡಿ ಅಂತ ಕಲಿಸಿದವರು ತಾವೇ. ಹಾಗಾದರೆ ಕ್ಯಾಮೆರಾ ಯಾಕೆ ಆರಿಸಲಿಲ್ಲ ಎಂದೆ.  ಎಣಿಸುವಷ್ಟು ಹೊತ್ತೂ ಇರಲಿಲ್ಲ, ರೈಲು ಬಂತು.

ಫೆಬ್ರವರಿ 16, ಭಾನುವಾರ

ಚೌಡಪ್ಪನವರು ಫೋನ್ ಮಾಡಿದ್ದರು, ಮೂರನೆಯ ಸಲ. ಈಶ್ವರಮ್ಮ ಮನೆಗೆ ಬಂದಿದ್ದಾರೆ. ಎರಡು ಹೊತ್ತು ಅಡುಗೆ ಮಾಡಿ ಮುಚ್ಚಿಡುತ್ತಾರೆ, ಮಾತಿಲ್ಲ. ಹದಿಮೂರು ದಿನವಾಯಿತು. "ನೀನು ಬಂದು ಒಂದ್ಸಲ ಕೇಳಮ್ಮ. ನಾನು ಹೇಳಿದ್ದನ್ನ ಅವಳಿಗೆ ಹೇಳು, ಅವಳು ಹೇಳಿದ್ದನ್ನ ನಂಗೆ ಹೇಳು. ಆ ಚೀನಾದೋರಿಗೆ ಹೇಳ್ತಿದ್ದೆಯಲ್ಲ, ಹಂಗೆ" ಅಂದರು.

ಬಸ್ಸಿನಲ್ಲಿ ಹೋದೆ. ಈಶ್ವರಮ್ಮ ಅಡುಗೆಮನೆಯಲ್ಲಿದ್ದರು, ಚೌಡಪ್ಪನವರು ನಡುಮನೆಯ ಬೆಂಚಿನ ಮೇಲೆ. ನಡುವೆ ಒಂದು ಗೋಡೆ. ನಾನು ಆ ಕಡೆ ಈ ಕಡೆ ಓಡಾಡಿದೆ. ಆಕೆ ನನಗೆ ಕೂತ್ಕೋ ಅನ್ನಲಿಲ್ಲ, ಹೋಗು ಅಂತಲೂ ಅನ್ನಲಿಲ್ಲ.

ಅವರು ಹೇಳಿದ್ದು: ತಪ್ಪಾಯಿತು. ಹೇಳಿದೆ. ಆಕೆ ಇನ್ನೊಂದು ಈರುಳ್ಳಿ ತೆಗೆದುಕೊಂಡರು.

ಅವರು ಹೇಳಿದ್ದು: ದಿನಾ ಅವನು ಕನಸಿಗೆ ಬರುತ್ತಾನೆ. ಹೇಳಿದೆ. ಆಕೆ ಈರುಳ್ಳಿ ಹೆಚ್ಚುವುದನ್ನು ನಿಲ್ಲಿಸಿದರು, ಮತ್ತೆ ಶುರು ಮಾಡಿದರು.

ಅವರು ಹೇಳಿದ್ದು: ಬಾಯಿಗೆ ಬಂದ ಹಾಗೆ ಬೈ, ಹೊಡಿ, ಆದರೆ ಏನಾದರೂ ಒಂದು ಮಾತಾಡು. ಹೇಳಿದೆ.

ಆಕೆ ಈಳಿಗೆಮಣೆಯ ಮೇಲೆ ಹಾಗೇ ಕುಳಿತು ಹೇಳಿದರು: "ಅವನು ಸತ್ರೂ ನನ್ನ ಕಣ್ಣಲ್ಲಿ ಒಂದು ಹನಿ ನೀರು ಬರಲ್ಲ ಅಂತ ಹೇಳು."

ನಾನು ಬಾಗಿಲವರೆಗೆ ಬಂದಿದ್ದೆ. ಹಿಂದಿನಿಂದ ಕರೆದರು. "ಇರು. ಅದನ್ನ ಹೇಳ್ಬೇಡ. ಊಟ ಮಾಡ್ಲಿ ಅಂತ ಹೇಳು."

ನಾನು ಹೋಗಿ ಚೌಡಪ್ಪನವರಿಗೆ ಹೇಳಿದೆ: ನೀವು ಸತ್ತರೂ ಒಂದು ಹನಿ ಕಣ್ಣೀರು ಬರುವುದಿಲ್ಲ ಅಂದರು. ಆಮೇಲೆ ಅದನ್ನು ಹೇಳಬೇಡ ಅಂದರು. ಊಟ ಮಾಡಲಿ ಅಂತ ಹೇಳು ಅಂದರು.

ಮೂರನ್ನೂ ಅದೇ ಕ್ರಮದಲ್ಲಿ ಹೇಳಿದೆ. ಯಾವುದನ್ನು ಬಿಟ್ಟಿದ್ದರೂ ಆಕೆಯ ಮನಸ್ಸು ಅವರಿಗೆ ಪೂರ್ತಿ ತಲುಪುತ್ತಿರಲಿಲ್ಲ. ಅವರು ಸ್ವಲ್ಪ ಹೊತ್ತು ಕುಳಿತಿದ್ದು ಅಂಗಿ ಹಾಕಿಕೊಂಡು ಹೊರಗೆ ಹೊರಟರು. ಈಶ್ವರಮ್ಮ ತಟ್ಟೆ ಹಿಡಿದು ಬಂದಾಗ ಬೆಂಚು ಖಾಲಿ ಇತ್ತು.

"ಏನಂದೆ ಅವರಿಗೆ?"

"ನೀವು ಹೇಳಿದ್ದನ್ನೇ."

ಫೆಬ್ರವರಿ 20, ಗುರುವಾರ

ಚೌಡಪ್ಪನವರು ತೀರಿಹೋದರು. ಭಾನುವಾರ ಮನೆಯಿಂದ ಹೋದವರು ಫೌಂಡ್ರಿಯ ಮುಚ್ಚಿದ ಗೇಟಿನ ಮುಂದೆ ಬಿಸಿಲಲ್ಲಿ ಕುಳಿತಿದ್ದರಂತೆ. ಸಂಜೆ ಯಾರೋ ನೋಡಿದಾಗ ಪಕ್ಕಕ್ಕೆ ವಾಲಿದ್ದರು. ಆಸ್ಪತ್ರೆಯಲ್ಲಿ ಮೂರು ದಿನ ಇದ್ದರು, ಎಚ್ಚರವಾಗಲಿಲ್ಲ. ಬೆಳಿಗ್ಗೆ ಹರಿ ಫೋನ್ ಮಾಡಿ ಹೇಳಿದ. ಇನ್ನೊಂದು ವಿಷಯವನ್ನೂ ಹೇಳಿದ: ಜರ್ಮನಿಯಲ್ಲಿ ಎಡಿಟಿಂಗ್ ಶುರುವಾಗಿದೆಯಂತೆ, ಆ ದೃಶ್ಯ ಸಿನಿಮಾದಲ್ಲಿ ಇರುತ್ತದಂತೆ, ಹನ್ನೊಂದು ನಿಮಿಷ, ಎಲ್ಲೂ ಕತ್ತರಿಸದೆ. ಧ್ವನಿ ಚೆನ್ನಾಗಿಯೇ ಬಂದಿದೆ. ಹರಿಗೆ ಇನ್ನು ಮೇಲೆ ಫೋನ್ ಮಾಡಬೇಡಿ ಅನ್ನಬೇಕೆಂದಿತ್ತು ಅಂತ ಕಾಣುತ್ತದೆ, ಹೇಳಲಾರದೆ ಇಟ್ಟುಬಿಟ್ಟ.

ಮಧ್ಯಾಹ್ನದ ಹೊತ್ತಿಗೆ ಭದ್ರಾವತಿ ತಲುಪಿದೆ. ಗಲ್ಲಿಯಲ್ಲಿ ಶಾಮಿಯಾನ ಹಾಕಿದ್ದರು, ಆದರೂ ಜನ ಅರ್ಧ ಬಿಸಿಲಲ್ಲೇ ನಿಂತಿದ್ದರು. ಹೆಣವನ್ನು ಹೊರಗೆ ಮಲಗಿಸಿದ್ದರು. ತಲೆಯ ಹತ್ತಿರ ಈಶ್ವರಮ್ಮ ಕುಳಿತಿದ್ದರು. ನಾನು ಆಕೆಯ ಮುಖವನ್ನೇ ನೋಡಿದೆ. ಅಳುತ್ತಿದ್ದರು. ಎರಡೂ ಕೈಯಿಂದ ನೆಲಕ್ಕೆ ಬಡಿದುಕೊಂಡು, ಗಂಡನ ಮುಂಗೈಯ ಸುಟ್ಟ ಚುಕ್ಕೆಗಳನ್ನು ಒಂದೊಂದಾಗಿ ಸವರಿ ಅಳುತ್ತಿದ್ದರು. ಅಂದರೆ ಅವತ್ತು ಅಡುಗೆಮನೆಯಲ್ಲಿ ಆಕೆ ಹೇಳಿದ್ದು ಸುಳ್ಳು. ನಾನು ಹೇಳಿದ್ದರಲ್ಲಿ ತಪ್ಪಿರಲಿಲ್ಲ. ಹೆಣದ ಮುಂದೆ ನಿಂತು ಮನಸ್ಸಿನಲ್ಲಿ ಎಲ್ಲವನ್ನೂ ಇನ್ನೊಂದು ಸಲ ಹೇಳಿ ನೋಡಿಕೊಂಡೆ. ತಪ್ಪಿರಲಿಲ್ಲ.

ಆಕೆ ತಲೆ ಎತ್ತಿದಾಗ ನನ್ನನ್ನು ಕಂಡರು. ಅಳು ನಿಂತಿತು. ಪಕ್ಕದಲ್ಲಿ ಕೋಲು ಹಿಡಿದು ನಿಂತಿದ್ದವರು ವೆಂಕಟಾಚಲನವರು. ಈಶ್ವರಮ್ಮ ಅವರ ಪಂಚೆ ಜಗ್ಗಿ ಬಗ್ಗಿಸಿಕೊಂಡು ಕಿವಿಯಲ್ಲಿ ಏನೋ ಹೇಳಿದರು. ಎರಡೋ ಮೂರೋ ಪದ, ಅಷ್ಟೇ. ಅಷ್ಟು ದೂರದಿಂದಲೂ ಆಕೆಯ ತುಟಿಯಿಂದ ಅದೇನೆಂದು ನನಗೆ ಗೊತ್ತಾಯಿತು.

ಆ ಮುದುಕರು ಕೋಲೂರಿಕೊಂಡು ಜನರನ್ನು ದಾಟಿ ನನ್ನ ಹತ್ತಿರ ಬಂದರು. ಒಂದು ಕಣ್ಣಿನಲ್ಲಿ ನನ್ನನ್ನು ನೋಡಿದರು.

"ಬಿಸಿಲು ಜಾಸ್ತಿ ಆಯ್ತಂತೆ. ದೂರದಿಂದ ಬಂದಿದೀಯ, ಹುಷಾರಾಗಿ ಮನೆಗೆ ಹೋಗು ಅಂದ್ಲು ಆಯಮ್ಮ."

"ಅವರು ಹಾಗೆ ಹೇಳಲಿಲ್ಲ" ಎಂದೆ.

"ಹೇಳ್ಲಿಲ್ಲ" ಎಂದರು ವೆಂಕಟಾಚಲನವರು. ತಲೆಯ ಮೇಲಿದ್ದ ಟವೆಲನ್ನು ತೆಗೆದು ನನಗೆ ಕೊಟ್ಟು, ಬಸ್ ಸ್ಟ್ಯಾಂಡಿನ ದಾರಿಯವರೆಗೂ ನನ್ನ ಜೊತೆ ನಡೆದು ಬಂದರು.